ಬಳೆ ಹೆಚ್ಚಿದ ತೋಟ

ಮಗನಿಗೆ ಚಂಡೀಗಢಕ್ಕೆ ವರ್ಗವಾದ ಮೇಲೆ ನಾವು ಅಲ್ಲಿಗೆ ಹೋದದ್ದು ಒಂದು ಚಳಿಗಾಲದಲ್ಲಿ. ಊರು ಗೆರೆ ಎಳೆದ ಲೆಡ್ಜರಿನ ಹಾಗಿದೆ. ಸೆಕ್ಟರುಗಳಿಗೆಲ್ಲ ನಂಬರು, ರಸ್ತೆಗಳೆಲ್ಲ ನೇರ. ಬ್ಯಾಂಕಿನಲ್ಲಿ ಗುಮಾಸ್ತನಾಗಿ ಆಯುಷ್ಯ ಕಳೆದ ನನಗೆ ಹಿಡಿಸಿಬಿಟ್ಟಿತು. ಮೊಮ್ಮಗಳಿಗೆ ಮಾತ್ರ ಬೇಸರ. ಅವಳನ್ನು ಕರೆದುಕೊಂಡು ಸುಖನಾ ಕೆರೆಯ ಹತ್ತಿರದ ರಾಕ್ ಗಾರ್ಡನ್‌ಗೆ ಹೋದೆವು.

ಒಳಗಿನ ಬಾಗಿಲುಗಳು ಎಷ್ಟು ಗಿಡ್ಡವೆಂದರೆ ನನ್ನಂಥ ಕುಳ್ಳನೂ ತಲೆ ಬಗ್ಗಿಸಬೇಕು. ನೇರ ದಾರಿ ಎಂಬುದೇ ಇಲ್ಲ. (ಮಂಡಿನೋವಿನ ಅಜ್ಜ ಅಜ್ಜಿಯರು ಕೋಲು ಮರೆಯಬೇಡಿ.) ಗೋಡೆಗಳ ಮೇಲೆ ಒಡೆದ ಪಿಂಗಾಣಿ, ಹಳೆಯ ಕರೆಂಟಿನ ಸಾಮಾನು. ಒಂದು ತಿರುವಿನಲ್ಲಿ ಸಾಲಾಗಿ ನಿಂತ ಗೊಂಬೆ ಹೆಂಗಸರು. ಮೈತುಂಬ ಗಾಜಿನ ಬಳೆ ಚೂರು!

"ಅಜ್ಜೀ, ನಿನ್ನ ಬಳೆ ಒಡೆದ್ರೆ ಗುಡಿಸಿ ಎಸೀತೀಯಲ್ಲ!" ಅಂದಳು ಮೊಮ್ಮಗಳು.

"ಒಡೆಯಿತು ಅನ್ನಬಾರದು, ಹೆಚ್ಚಿತು ಅನ್ನಬೇಕು" ಎಂದಳು ನನ್ನಾಕೆ. ಇಲ್ಲಿ ನಿಜವಾಗಿಯೂ ಹೆಚ್ಚಿದ್ದವು.

ಮಕ್ಕಳೇ, ಇದನ್ನೆಲ್ಲ ಮಾಡಿದವರು ನೇಕ್ ಚಂದ್. ದೇಶ ವಿಭಜನೆಯಾದಾಗ, ಈಗ ಪಾಕಿಸ್ತಾನದಲ್ಲಿರುವ ತಮ್ಮ ಹಳ್ಳಿ ಬಿಟ್ಟು ಬಂದವರು. ಕೆಲಸ ಲೋಕೋಪಯೋಗಿ ಇಲಾಖೆಯ ರಸ್ತೆ ಇನ್ಸ್‌ಪೆಕ್ಟರದು. ಹೊಸ ಊರು ಕಟ್ಟಲು ಹಲವು ಹಳ್ಳಿಗಳನ್ನು ಕೆಡವಿದ್ದರು. ಅಲ್ಲಿಯ ಮುರುಕು ಸಾಮಾನನ್ನೂ ಬೆಟ್ಟದ ಕಲ್ಲನ್ನೂ ಸೈಕಲ್ಲಿನ ಮೇಲೆ ಹೇರಿಕೊಂಡು ಬಂದು, ಕಾಡಿನ ಮರೆಯಲ್ಲಿ ಕೂಡಿಡತೊಡಗಿದರು. ಕಚೇರಿ ಮುಗಿದ ಮೇಲೆ, ಗುಟ್ಟಾಗಿ. ಯಾಕೆಂದರೆ ಜಾಗ ಸರ್ಕಾರದ್ದು, ಅಲ್ಲಿ ಏನನ್ನೂ ಕಟ್ಟುವಂತಿರಲಿಲ್ಲ. 1957ರ ಸುಮಾರಿಗೆ ಶುರುವಾದದ್ದು 1975ರವರೆಗೂ ಅಧಿಕಾರಿಗಳ ಕಣ್ಣಿಗೆ ಬೀಳಲಿಲ್ಲ. 18 ವರ್ಷ! ನಮ್ಮ ಬ್ಯಾಂಕಿನಲ್ಲಿ 18 ಪೈಸೆ ತಾಳೆಯಾಗದಿದ್ದರೆ ರಾತ್ರಿ ಎಂಟಾದರೂ ಮನೆಗೆ ಬಿಡುತ್ತಿರಲಿಲ್ಲ.

ಗುಟ್ಟು ಬಯಲಾದಾಗ ಕೆಡವಬೇಕೆಂಬ ಮಾತು ಬಂತು. ಆದರೆ ಜನ ತೋಟದ ಪರವಾಗಿ ನಿಂತರು. ಕೊನೆಗೆ ಆಡಳಿತವೇ 1976ರಲ್ಲಿ ಅದನ್ನು ಎಲ್ಲರಿಗೂ ತೆರೆದು, ಅವರಿಗೆ ಸಂಬಳ ಕೊಟ್ಟು, 50 ಕೆಲಸಗಾರರನ್ನೂ ಒದಗಿಸಿತು. 1984ರಲ್ಲಿ ಪದ್ಮಶ್ರೀ ಬಂತು. 2015ರಲ್ಲಿ ಅವರು ತೀರಿಕೊಂಡರು.

ದಣಿದು ಕಟ್ಟೆಯ ಮೇಲೆ ಕೂತಾಗ ಈ ಕಥೆಯನ್ನು ಮೊಮ್ಮಗಳಿಗೂ ಹೇಳಿದೆ. ಎಲ್ಲ ಕೇಳಿ, "ತಾತ, ಆ ಆಫೀಸರು ನೀನಾಗಿದ್ರೆ ಏನ್ ಮಾಡ್ತಿದ್ದೆ?" ಅಂದಳು.

ಸುಳ್ಳು ಹೇಳಬಹುದಿತ್ತು. ಬಾಯಿ ಬರಲಿಲ್ಲ.

"ಕೆಡವಿ ಅಂತ ಬರೆದು ಸಹಿ ಹಾಕ್ತಿದ್ದೆ, ಪುಟ್ಟಿ."

ಅವಳು ನನ್ನ ಕೈ ಬಿಟ್ಟು ಎದ್ದಳು. ಹೋಗಿ ಬಳೆಯ ಹೆಂಗಸರ ಮುಂದೆ, ನನಗೆ ಎದುರಾಗಿ, ಕೈಕಟ್ಟಿ ನಿಂತುಬಿಟ್ಟಳು.