ದೂರದ ನೋಟ

1940ರಲ್ಲಿ ಪಕ್ಷಿಧಾಮವೆನಿಸಿದ ರಂಗನತಿಟ್ಟಿಗೆ ನಾವು ಚಿರಂಜೀವಿಯೊಡನೆ ಹೋಗಿದ್ದೆವು. ಅವನ ಕ್ಯಾಮರಾಕ್ಕೆ ಜೋಡಿಸಿದ್ದುದು 200ರಿಂದ 500 ಮಿಲಿಮೀಟರಿನ ನಿಕಾನ್ ಮಸೂರ. 2015ರಲ್ಲಿ ಹೊರಬಂದದ್ದು, ತೂಕ 2 ಕಿಲೋಗ್ರಾಮಿಗೂ ಮಿಗಿಲು. ಉಂಗುರವನ್ನು ತಿರುಗಿಸಿದಂತೆ ನೋಟವು ಸಂಕುಚಿತವಾಗುತ್ತ, ಕಡೆಗೆ ಸುಮಾರು 5 ಡಿಗ್ರಿಯಷ್ಟೇ ಉಳಿಯುವುದು. ಆ ಕಿರುಗಿಂಡಿಯಲ್ಲಿ ಬಣ್ಣದ ಕೊಕ್ಕರೆಯೊಂದು ರೆಕ್ಕೆಯನ್ನು ಬಿಚ್ಚಿ ಮರಿಗಳಿಗೆ ನೆರಳು ಮಾಡುತ್ತಿದ್ದುದು ಕಂಡಿತು.

“ದೋಣಿಯನ್ನು ಇನ್ನಷ್ಟು ಹತ್ತಿರಕ್ಕೆ ಒಯ್ಯಿಸಬಾರದೇ?” ಎಂದೆವು.

“ಬೇಡಪ್ಪ, ತಾಯಿ ಬೆದರಿ ಹಾರಿದರೆ ಮರಿಗಳು ಬಿಸಿಲಿಗೆ ಬಾಡುತ್ತವೆ. ದೂರದಿಂದಲೇ ನೋಡಲೆಂದು ಇದಿದೆ” ಎಂದನು.

ಮೂವತ್ತು ವರ್ಷ ನಾವು ಬೆತ್ತವನ್ನು ಹಿಡಿದು, ಹುಡುಗರ ಸಮೀಪಕ್ಕೆ ಹೋಗಿಯೇ ಅವರನ್ನು ಅರಿಯಲು ಯತ್ನಿಸಿದವರು. ನಮಗೆ ಕಂಡದ್ದು ಅವರ ಭಯ ಮಾತ್ರ. ಆ ಹುಡುಗರಲ್ಲಿ ಇವನೂ ಒಬ್ಬನು.