ಕೇಳದೆ ಉಳಿದ ಪ್ರಶ್ನೆ

ನಾವು ಮೂವರೂ ಹೈಸ್ಕೂಲಿನಲ್ಲಿ ಇತಿಹಾಸ ಪಾಠ ಹೇಳುವವರು. ಬಿಡುವಿದ್ದಾಗ ಒಬ್ಬರ ಮನೆಯಲ್ಲಿ ಸೇರಿ ಪರದೇಶದ ಸಿನಿಮಾ ನೋಡುವುದು ನಮ್ಮ ಹಳೆಯ ರೂಢಿ. ಹಾಗೆ ಒಂದು ಭಾನುವಾರ ನೋಡಿದ್ದು ಅರ್ಜೆಂಟೀನಾದ ಲೂಯಿಸ್ ಪುಯೆಂಜೊ ನಿರ್ದೇಶಿಸಿದ ‘ಅಧಿಕೃತ ಕಥೆ’. 1985ರ ಸ್ಪ್ಯಾನಿಷ್ ಚಿತ್ರ.

ಅದರ ನಾಯಕಿ ಅಲಿಸಿಯಾ ಕೂಡ ಇತಿಹಾಸದ ಅಧ್ಯಾಪಕಿ. ಪಠ್ಯದಲ್ಲಿ ಇಲ್ಲದ್ದನ್ನು ಒಪ್ಪದವಳು. ಇತಿಹಾಸವನ್ನು ಬರೆಯುವವರು ಕೊಲೆಗಾರರೇ ಎಂದು ಹುಡುಗನೊಬ್ಬ ತರಗತಿಯಲ್ಲಿ ಹೇಳಿದಾಗ ಆಕೆಗೆ ಸಿಟ್ಟು ಬರುತ್ತದೆ. ನಾವು ಮುಖ ಮುಖ ನೋಡಿಕೊಂಡೆವು. ಅಂಥ ಹುಡುಗರನ್ನು ಗದರಿಸಿ ಕೂರಿಸಿದವರು ನಾವೂ ಹೌದು.

ಅಲಿಸಿಯಾಳ ಮನೆಯಲ್ಲಿ ಐದು ವರ್ಷದ ಸಾಕುಮಗಳಿದ್ದಾಳೆ. ಗಂಡ ತಂದ ಮಗು. ಎಲ್ಲಿಂದ ಎಂದು ಆಕೆ ಕೇಳಿಲ್ಲ. 1976ರಿಂದ 1983ರವರೆಗೆ ಆ ದೇಶವನ್ನಾಳಿದ ಮಿಲಿಟರಿ ಸರಕಾರ ಸಾವಿರಾರು ಜನರನ್ನು ಕಣ್ಮರೆ ಮಾಡಿತು. ಸೆರೆಯಲ್ಲಿ ಹೆತ್ತ ತಾಯಂದಿರ ಕೂಸುಗಳನ್ನು ಕಸಿದು ತನ್ನವರಿಗೆ ಹಂಚಿತು. ದೇಶ ಬಿಟ್ಟು ಹೋಗಿದ್ದ ಗೆಳತಿ ಮರಳಿ ಬಂದು ತಾನು ಅನುಭವಿಸಿದ ಚಿತ್ರಹಿಂಸೆಯನ್ನು ಹೇಳಿಕೊಂಡಾಗ, ದೂರು ಕೊಟ್ಟೆಯಾ ಎಂದು ಕೇಳುವಷ್ಟು ಅಲಿಸಿಯಾ ಮುಗ್ಧೆ. ಯಾರಿಗೆ ಕೊಡುವುದು ದೂರು?

ಈ ಮುಗ್ಧೆಯಾಗಿ ನಟಿಸಿದವರು ನೋರ್ಮಾ ಅಲೆಯಾಂದ್ರೊ. ನಿಜ ಜೀವನದಲ್ಲಿ ಅವರು ಆ ಗೆಳತಿಯ ಹಾಗೆ ದೇಶ ಬಿಡಬೇಕಾಗಿ ಬಂದವರು! 1936ರಲ್ಲಿ ಬ್ಯೂನಸ್ ಐರಿಸ್‌ನ ನಟ ದಂಪತಿಗಳಿಗೆ ಹುಟ್ಟಿ, ಎಳವೆಯಲ್ಲೇ ರಂಗಕ್ಕೆ ಬಂದರು. ನ್ಯಾಯಾಲಯದ ನಿಜ ಪ್ರಕರಣಗಳನ್ನು ಆಧರಿಸಿದ ‘ಕೋಸಾ ಹುಸ್ಗಾದಾ’ ಎಂಬ ಟಿ.ವಿ. ಸರಣಿಯಲ್ಲಿ 1969ರಿಂದ ಅಭಿನಯಿಸಿದರು. 1976ರಲ್ಲಿ ಬೆದರಿಕೆಗಳಿಂದಾಗಿ ಉರುಗ್ವೆಗೆ, ಅಲ್ಲಿಂದ ಸ್ಪೇನ್‌ಗೆ ಹೋದರು. ಮರಳಿ ಬಂದ ಮೇಲೆ ಅವರಿಗೆ ಸಿಕ್ಕಿದ್ದು, ಏನೂ ಗೊತ್ತಿಲ್ಲದವಳ ಈ ಪಾತ್ರ. ಅವರು ಅವಳನ್ನು ಹಂಗಿಸಲಿಲ್ಲ. ಅವಳ ಸುಖವನ್ನೂ ಭಯವನ್ನೂ ಒಳಗಿನಿಂದ ತೋರಿಸಿದರು. ಅದಕ್ಕೆ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಬಂತು. 1986ರಲ್ಲಿ ಚಿತ್ರಕ್ಕೆ ಆಸ್ಕರ್ ಸಂದಿತು.

ಗಂಡನ ಪಾತ್ರ ಮಾಡಿದ ಎಕ್ತೋರ್ ಅಲ್ತೇರಿಯೊ ಅವರೂ ಸ್ಪೇನ್‌ನಲ್ಲಿ ದೇಶಾಂತರ ಬದುಕಿದವರೇ. 2001ರ ‘ವಧುವಿನ ಮಗ’ದಲ್ಲಿ ಇಬ್ಬರೂ ಮತ್ತೆ ಸತಿಪತಿಗಳಾದರು. ಅಲ್ಲಿ ಹೆಂಡತಿಗೆ ಮರೆವಿನ ರೋಗ. ಹಿಂದೆ ತಾನು ನಿರಾಕರಿಸಿದ್ದ ಚರ್ಚಿನ ಮದುವೆಯನ್ನು ಈಗಲಾದರೂ ಮಾಡಿಕೊಳ್ಳಬೇಕೆಂದು ಮುದುಕ ಹಟ ಹಿಡಿಯುತ್ತಾನೆ. ಒಂದು ಚಿತ್ರದಲ್ಲಿ ನೆನಪಿಸಿಕೊಳ್ಳಲು ಹೆದರಿದವಳು, ಇನ್ನೊಂದರಲ್ಲಿ ನೆನಪೇ ಇಲ್ಲದವಳು. ಎರಡು ಮರೆವುಗಳ ಅಂತರವನ್ನು ಒಂದೇ ಮುಖದಲ್ಲಿ ಕಂಡೆವು. ರೋಗದ ಮರೆವಿಗೆ ಕ್ಷಮೆಯಿದೆ. ಅನುಕೂಲದ ಮರೆವಿಗೆ?

ಮೊಮ್ಮಕ್ಕಳನ್ನು ಹುಡುಕಲು 1977ರಲ್ಲಿ ಸಂಘ ಕಟ್ಟಿದ ಪ್ಲಾಸಾ ದೆ ಮಾಯೊದ ಅಜ್ಜಿಯಂದಿರು 2025ರ ಹೊತ್ತಿಗೆ 140 ಮಂದಿಯನ್ನು ಪತ್ತೆ ಮಾಡಿದ್ದರು. ಕಳೆದುಹೋದವರು ಸುಮಾರು 500 ಎಂಬುದು ಅವರ ಅಂದಾಜು. ಉಳಿದವರು ಇಂದು ನಡುವಯಸ್ಸಿನವರು. ತಾವು ಯಾರೆಂದು ಅರಿಯದೆ ಎಲ್ಲೋ ಬದುಕುತ್ತಿರಬಹುದು.

ಸಿನಿಮಾ ಮುಗಿದ ಮೇಲೆ ನಾವು ಬಹಳ ಹೊತ್ತು ಮಾತಾಡಲಿಲ್ಲ. ಚಹಾ ಆರಿಹೋಗಿತ್ತು. ಮರುದಿನ ತರಗತಿಯಲ್ಲಿ ಹುಡುಗಿಯೊಬ್ಬಳು ಕೈ ಎತ್ತಿ, ಇದು ಪುಸ್ತಕದಲ್ಲಿ ಯಾಕಿಲ್ಲ ಸಾರ್ ಎಂದಳಂತೆ. ನಮ್ಮ ಗೆಳೆಯರು ಈ ಬಾರಿ ಅವಳನ್ನು ಕೂರಿಸಲಿಲ್ಲ.