ಕಣದಲ್ಲಿ ಅಜ್ಜಿ ಗೆದ್ದ ಆಟ

ನಮ್ಮ ನ್ಯಾಮತಿ ಆಗ ಇನ್ನೂ ಹೊನ್ನಾಳಿ ತಾಲ್ಲೂಕಿನ ಹೋಬಳಿ. 2003ರ ಮೇ ತಿಂಗಳಲ್ಲಿ ಮೊಬೈಲಿಗೆ ಬರುವ ಕರೆಗೆ ದುಡ್ಡು ಕೊಡಬೇಕಿಲ್ಲ ಎಂದಾಯಿತು. ಆಮೇಲೆ ನಮ್ಮ ಕಡೆಯ ರೈತರ ಜೇಬಿಗೂ ಫೋನು ಬರತೊಡಗಿತು. ಮುಂದಿನ ಸುಗ್ಗಿಗೆ ಶಿವಮೊಗ್ಗದಿಂದ ಬಂದ ಸೋದರಮಾವನ ಕೈಯಲ್ಲಿ ನೋಕಿಯಾ 3310 ಇತ್ತು.

ಮೆಕ್ಕೆಜೋಳದ ತೆನೆ ಕಣದಲ್ಲಿ ರಾಶಿ ಬಿದ್ದಿತ್ತು. ರಾತ್ರಿ ಕಾವಲಿಗೆ ಮನೆಮಂದಿಯೆಲ್ಲ ಅಲ್ಲೇ. ಕಾಳು ಬಿಡಿಸಿದ ಬೆಂಡು ಒಟ್ಟಿ ಬೆಂಕಿ ಹಾಕಿಕೊಂಡು ಸುತ್ತ ಕೂತಿದ್ದೆವು. ಮಾವ ಫೋನು ಕೊಟ್ಟು, "ಚಾರ್ಜು ಒಂದು ಕಡ್ಡಿಗೆ ಇಳಿದ್ರೆ ವಾಪಸ್ ಕೊಟ್ಬಿಡಬೇಕು ನೋಡ್ರಿ" ಅಂದ.

ಮೊದಲು ಹಾವಿನ ಆಟ. ಎರಡು, ನಾಲ್ಕು, ಆರು, ಎಂಟು, ಈ ನಾಲ್ಕು ಗುಂಡಿಗಳಲ್ಲೇ ಹಾವು ಹರಿದಾಡುತ್ತಿತ್ತು. ತಿಂದಷ್ಟೂ ಉದ್ದವಾಗಿ, ಕೊನೆಗೆ ತನ್ನ ಬಾಲವನ್ನೇ ಕಚ್ಚಿ ಸಾಯುತ್ತಿತ್ತು. ಸತ್ತ ಕೂಡಲೇ ಫೋನು ಪಕ್ಕದವನ ಕೈಗೆ. ಆಡುವವನು ಒಬ್ಬ, ಅವನ ಹೆಗಲ ಮೇಲೆ ಗಲ್ಲ ಊರಿ "ತಿರುಗಿಸೋ, ತಿರುಗಿಸೋ" ಅನ್ನುವವರು ಉಳಿದವರೆಲ್ಲ. ಈ ಆಟವನ್ನು ನೋಕಿಯಾ 6110 ಫೋನಿಗಾಗಿ ರೂಪಿಸಿದವರು ಫಿನ್ಲೆಂಡಿನ ಎಂಜಿನಿಯರ್ ತನೇಲಿ ಅರ್ಮಾಂಟೊ. ಅದು ಹೊರಬಂದದ್ದು 1997ರಲ್ಲಿ, ನಮ್ಮ ದಾವಣಗೆರೆ ಜಿಲ್ಲೆಯಾದ ವರ್ಷವೇ. ನಮ್ಮ ಕೈಗೆ ಸಿಕ್ಕಿದ್ದು ಅದರ ಎರಡನೆಯ ರೂಪ.

ಹಾವು ಸಾಕಾದ ಮೇಲೆ ಬಂಟುಮಿ ಅನ್ನುವ ಆಟ ತೆಗೆದೆವು. ನಮಗೆ ತಲೆಬುಡ ತಿಳಿಯಲಿಲ್ಲ. ತೆನೆ ಸುಲಿಯುತ್ತಿದ್ದ ಅಜ್ಜಿ ಕನ್ನಡಕ ಸರಿಮಾಡಿಕೊಂಡು ಬಗ್ಗಿ ನೋಡಿದಳು. "ಇದು ಅಳಗುಳಿಮಣೆ ಕಣ್ರೋ! ಕೊಡ್ರಿಲ್ಲಿ" ಅಂದಳು.

ಅಡ್ಡ 84, ಉದ್ದ 48 ಚುಕ್ಕಿಗಳಷ್ಟೇ ಇದ್ದ ಆ ಪರದೆಯಲ್ಲಿ ಒಬ್ಬೊಬ್ಬರಿಗೆ ಆರಾರು ಗುಳಿ, ಗೆದ್ದ ಕಾಳಿಗೆ ಒಂದೊಂದು ಮನೆ. ನಮ್ಮ ಮಣೆಯಲ್ಲಿ ಏಳೇಳು. ಕಾಳು ಗೆಲ್ಲುವ ಕ್ರಮವೂ ಬೇರೆ. ಆದರೆ ಒಂದು ಗುಳಿಯ ಕಾಳನ್ನೆಲ್ಲ ಎತ್ತಿ ಮುಂದಿನ ಗುಳಿಗಳಿಗೆ ಒಂದೊಂದಾಗಿ ಹಂಚುತ್ತ ಹೋಗುವ ಲೆಕ್ಕ ಒಂದೇ. ಆಫ್ರಿಕಾದಿಂದ ಏಷ್ಯಾದವರೆಗೆ ಜನ ನೆಲದಲ್ಲಿ ಗುಳಿ ತೋಡಿ, ಮರದಲ್ಲಿ ಕೊರೆದು ಆಡಿಕೊಂಡು ಬಂದ ಆಟದ ವಂಶ ಅದು.

ಅಜ್ಜಿ ಗುಳಿ ಹೇಳಿದಳು, ನಾನು ಗುಂಡಿ ಒತ್ತಿದೆ. ಮೊದಲ ಆಟ ಫೋನಿನ ಪಾಲಾಯಿತು. "ಇದರ ಕಟ್ಟಳೆ ಬೇರೆ ಐತೆ, ಗೊತ್ತಾತು ಬಿಡು" ಅಂದವಳು ಎರಡನೆಯದರಲ್ಲಿ ಕಾಳನ್ನು ತನ್ನ ಮನೆಗೆ ಎಳೆಯುತ್ತಲೇ ಹೋದಳು. ಕೊನೆಗೆ ಗೆದ್ದದ್ದು ಅವಳೇ. ಕಣದಲ್ಲಿ ಎದ್ದ ಕೇಕೆಗೆ ಪಕ್ಕದ ಕಣದವರು ಕಳ್ಳರು ಬಂದರೆಂದು ದೊಣ್ಣೆ ಹಿಡಿದು ಓಡಿ ಬಂದರು. ಬಂದವರೂ ಬೆಂಕಿ ಹತ್ತಿರ ಕೂತು ಒಂದೊಂದು ಆಟ ಆಡಿಯೇ ಹೋದರು.

ಈಗ ಮನೆಯಲ್ಲಿ ಆಳಿಗೊಂದು ಫೋನಿದೆ, ಅದರಲ್ಲಿ ಎಣಿಸಲಾಗದಷ್ಟು ಆಟಗಳಿವೆ. ಆದರೂ ಆ ರಾತ್ರಿಯ ಸುಖ ಅವುಗಳಲ್ಲಿ ನನಗೆ ಸಿಕ್ಕಿಲ್ಲ. ಒಂದೇ ಫೋನು ಹತ್ತು ಕೈ ದಾಟಬೇಕಿತ್ತು, ಅದಕ್ಕೇ ಅಜ್ಜಿಗೂ ಮೊಮ್ಮಗನಿಗೂ ಒಂದೇ ಆಟವಾಯಿತು. ನಿಮ್ಮ ಮನೆಯ ಅಟ್ಟದಲ್ಲಿ ಅಳಗುಳಿಮಣೆ ಇದ್ದರೆ ದಯವಿಟ್ಟು ಕೆಳಗಿಳಿಸಿ. ಹುಣಸೆಬೀಜ ತೊಳೆದು ಒಣಗಿಸಿ, ಮಕ್ಕಳನ್ನು ಎದುರಿಗೆ ಕೂರಿಸಿಕೊಂಡು ಆಡಿ. ಮನೆಯಲ್ಲಿ ಹಿರಿಯರಿದ್ದರೆ ಮೊದಲ ಆಟ ಅವರಿಗೇ ಬಿಡಿ.